ಬಾಗಿಲಮ್ಮನ ದನಿ

ಸ್ಟುಡಿಯೋದಲ್ಲಿ ಅವರಿಗೆ ಬಾಗಿಲಮ್ಮ ಎಂದು ಹೆಸರು ಬಿದ್ದದ್ದು ಮೊದಲ ಸಿನಿಮಾದಿಂದಲೇ. ಮಗ ಮನೆ ಬಿಟ್ಟು ಹೋಗುತ್ತಾನೆ, ತಾಯಿ ಬಾಗಿಲಲ್ಲಿ ನಿಂತು ನೋಡುತ್ತಾಳೆ. ಪಾತ್ರ ಅಷ್ಟೇ, ಒಂದು ಮಾತೂ ಇಲ್ಲ. ಮಗನ ಪಾತ್ರದವನಿಗೆ ಆಗ ಮೂವತ್ತಮೂರು ವರ್ಷ, ತಾಯಿಗೆ ಇಪ್ಪತ್ತೇಳು. ಕೂದಲಿಗೆ ಬಿಳಿ ಪುಡಿ ಮೆತ್ತಿ, ಕಣ್ಣ ಕೆಳಗೆ ಎರಡು ಗೆರೆ ಎಳೆದು ನಿಲ್ಲಿಸಿದ್ದರು. ಅವರು ಬಾಗಿಲ ಚೌಕಟ್ಟು ಹಿಡಿದುಕೊಂಡ ರೀತಿಗೆ ದೀಪ ಹಿಡಿದಿದ್ದವನೇ ಮೂಗು ಒರೆಸಿಕೊಂಡನಂತೆ. ಅಲ್ಲಿಂದ ಮುಂದೆ ಯಾವ ಮಗ ಊರು ಬಿಡಲಿ, ಯಾವ ಮಗಳು ತವರಿಗೆ ಮರಳಲಿ, ಬಾಗಿಲಲ್ಲಿ ಇವರೇ. "ನನ್ನ ಬಾಳೆಲ್ಲಾ ಹೊಸ್ತಿಲ ಮೇಲೇ ಕಳೀತು. ಕೂತ್ಕೊಳ್ಳಿ ಅಂತ ಒಬ್ಬ ಡೈರೆಕ್ಟರೂ ಹೇಳ್ಲಿಲ್ಲ," ಎಂದು ಅವರೇ ತಮಾಷೆ ಮಾಡುತ್ತಿದ್ದರು.

ನಾನು ಅದೇ ಸ್ಟುಡಿಯೋದಲ್ಲಿ ಧ್ವನಿ ಮುದ್ರಣದ ಕೆಲಸದವನು. ಮೂವತ್ತು ವರ್ಷ ಕಿವಿಗೆ ಹೆಡ್‌ಫೋನ್ ಹಾಕಿಕೊಂಡೇ ಬದುಕಿದೆ. ಅವರು ನನ್ನನ್ನು ಕರೆಯುತ್ತಿದ್ದದ್ದು ಸೌಂಡಪ್ಪ ಎಂದು. ನಾನು ಅವರನ್ನು ಅಕ್ಕ ಎನ್ನುತ್ತಿದ್ದೆ. ಅವರ ಬಗ್ಗೆ ಬರೆಯುವ ಯೋಗ್ಯತೆ ನನಗಿದೆಯೋ ಇಲ್ಲವೋ, ಕೊನೆಯವರೆಗೆ ಓದಿದವರೇ ಹೇಳಬೇಕು.

ಅಕ್ಕನ ತಾಯಿ ಒಂದು ನಾಟಕದ ಕಂಪನಿಯಲ್ಲಿ ವೇಷಭೂಷಣ ಹೊಲಿಯುತ್ತಿದ್ದ ದರ್ಜಿ. ತಂದೆ ಇದ್ದನೋ ಇಲ್ಲವೋ, ಆ ಮಾತು ಆ ಮನೆಯಲ್ಲಿ ಬರುತ್ತಿರಲಿಲ್ಲ. ಹೊಲಿಗೆ ಯಂತ್ರದ ಕಾಲಬುಡದಲ್ಲೇ ಬೆಳೆದ ಹುಡುಗಿ ಒಂಬತ್ತನೇ ವಯಸ್ಸಿಗೆ ರಂಗದ ಮೇಲೆ ಹತ್ತಿದಳು. ಆಗ ಮೈಕು ಇರಲಿಲ್ಲ. ಕೊನೆಯ ಬೆಂಚಿನವನಿಗೂ ಕೇಳುವಂತೆ ಮಾತಾಡಬೇಕು, ಹಾಡಬೇಕು. "ನನ್ನ ಮಗಳ ಗಂಟಲು ಗಂಟೆ ಇದ್ದ ಹಾಗಿತ್ತು," ಎಂದು ತಾಯಿ ನನಗೇ ಎಷ್ಟು ಸಲ ಹೇಳಿದ್ದಾರೋ. ಹತ್ತೊಂಬತ್ತನೇ ವಯಸ್ಸಿನಲ್ಲಿ ಗಂಟಲು ಬಾತು ಜ್ವರ ಬಂತು. ಕಂಪನಿಯ ಯಜಮಾನ, ಇನ್ನೊಂದು ವಾರ ತಡಕೋ ತಾಯೀ, ಟಿಕೆಟ್ ಎಲ್ಲಾ ಹೋಗಿದೆ ಎಂದ. ಉಪ್ಪುನೀರು ಮುಕ್ಕಳಿಸಿಕೊಂಡು ಆ ವಾರ ಮುಗಿಸಿದರು. ಎಂಟನೇ ದಿನ ಬಾಯಿ ತೆರೆದರೆ ಗಾಳಿ ಬಿಟ್ಟು ಬೇರೇನೂ ಬರಲಿಲ್ಲ. ಡಾಕ್ಟರು ಗಂಟಲಲ್ಲಿದ್ದ ಗಂಟನ್ನು ಕೊಯ್ದು ತೆಗೆದರು. ದನಿ ಮರಳಿತು, ಆದರೆ ಹಳೆಯದಲ್ಲ. ಬಿರುಕು ಬಿಟ್ಟ ಮಡಕೆಯಲ್ಲಿ ಗಾಳಿ ಹೊಕ್ಕ ಹಾಗೆ, ಒರಟಾಗಿ, ತಗ್ಗಿನಲ್ಲಿ, ಮಾತಿನ ಕೊನೆಯ ಅಕ್ಷರವನ್ನು ಅರ್ಧಕ್ಕೇ ಬಿಟ್ಟು ಹೋಗುವ ದನಿ.

ಕಂಪನಿ ಅವರನ್ನು ಬಿಟ್ಟಿತು. ತಾಯಿಯ ಜೊತೆ ಎಂಟು ವರ್ಷ ಕಾಜ ಹೊಲಿದರು, ಗುಂಡಿ ಕಟ್ಟಿದರು. ಒಂದು ಸಲ ಸ್ಟುಡಿಯೋಗೆ ಬಟ್ಟೆ ತಲುಪಿಸಲು ಬಂದು, ಎರಡು ಕೈ ತುಂಬ ಇಸ್ತ್ರಿ ಮಾಡಿದ ಅಂಗಿ ಹೊತ್ತು, ಒಳಗೆ ಹೋಗಲೋ ಬೇಡವೋ ಎಂದು ಬಾಗಿಲಲ್ಲಿ ನಿಂತಿದ್ದರಂತೆ. ಆ ದಿನ ತಾಯಿಯ ಪಾತ್ರದಾಕೆ ಬಂದಿರಲಿಲ್ಲ. ಡೈರೆಕ್ಟರು ಇವರನ್ನೇ ನೋಡುತ್ತ, "ಆ ಅಂಗಿ ಯಾರಾದ್ರೂ ಇಸ್ಕೊಳ್ರಯ್ಯಾ. ನೀವು ಹಾಗೇ ನಿಂತ್ಕೊಳ್ಳಿ ಅಮ್ಮಾ," ಎಂದರು. ಅಲ್ಲಿಂದ ಶುರುವಾಯಿತು.

ಮಾತಿರುವ ಪಾತ್ರ ಬಂದಾಗ ಪೇಚಾಟವೂ ಬಂತು. ಆ ಕಾಲದಲ್ಲಿ ಚಿತ್ರ ತೆಗೆಯುವಾಗ ಮಾತು ಹಿಡಿಯುತ್ತಿರಲಿಲ್ಲ. ಆಮೇಲೆ ಕತ್ತಲೆ ಕೋಣೆಯಲ್ಲಿ ಪರದೆ ನೋಡುತ್ತ, ತುಟಿಗೆ ಸರಿಯಾಗಿ ಮಾತು ಕೂಡಿಸುತ್ತಿದ್ದೆವು. ಅಕ್ಕನ ದನಿ ಕೇಳಿದ ಕೂಡಲೇ ಡೈರೆಕ್ಟರ ಮುಖ ಸಪ್ಪಗಾಯಿತು. ಬೇರೆ ದನಿ ಹುಡುಕಿ ಎಂದರು. ಸಿಕ್ಕಿದಾಕೆ ರೈಲು ನಿಲ್ದಾಣದಲ್ಲಿ ಗಾಡಿ ಬರುವುದು ಹೋಗುವುದನ್ನು ಮೈಕಿನಲ್ಲಿ ಸಾರುತ್ತಿದ್ದ ಹೆಂಗಸು. ಕುಳ್ಳಗೆ, ದಪ್ಪಗೆ, ಜನರ ಎದುರು ನಿಂತರೆ ಬೆವರುವ ಸ್ವಭಾವ. ಆದರೆ ದನಿ ಮಾತ್ರ ಬೆಚ್ಚನೆಯ ಹಾಲು. ಅವರಿಗೆ ಕಂಠಮ್ಮ ಎಂದು ಹೆಸರಿಟ್ಟವನು ನಾನೇ. ಇಪ್ಪತ್ತೆರಡು ವರ್ಷ ಬಾಗಿಲಮ್ಮನ ಬಾಯಿ ಆಡಿತು, ಕಂಠಮ್ಮನ ಗಂಟಲು ಮಾತಾಡಿತು. ಅವರು ಮುಖ, ಇವರು ದನಿ. ಇಬ್ಬರೂ ಕೂಡಿ ಒಬ್ಬ ತಾಯಿ.

ಇಂಥ ಜೋಡಿಗಳ ನಡುವೆ ಎಣ್ಣೆ ಸೀಗೆಕಾಯಿ ಸಂಬಂಧ ಇರುವುದೇ ಹೆಚ್ಚು. ಇವರಿಬ್ಬರು ಮಾತ್ರ ಒಡಹುಟ್ಟಿದವರ ಹಾಗಿದ್ದರು. ಮಾತು ಕೂಡಿಸುವ ದಿನ ಅಕ್ಕ ತಪ್ಪದೆ ಬಂದು ಕಂಠಮ್ಮನ ಪಕ್ಕದಲ್ಲಿ ಕೂರುತ್ತಿದ್ದರು. ಎಲ್ಲಿ ಉಸಿರು ಎಳೆದೆ, ಎಲ್ಲಿ ಅಳು ನುಂಗಿದೆ ಎಂದು ಅವರ ಅಂಗೈ ಮೇಲೆ ಬೆರಳಿನಿಂದ ತಟ್ಟಿ ತೋರಿಸುತ್ತಿದ್ದರು. ಒಂದು ಮಧ್ಯಾಹ್ನ ಮೂವರೂ ಮಾರುಕಟ್ಟೆಗೆ ಹೋಗಿದ್ದೆವು. ಹಣ್ಣಿನ ಅಂಗಡಿಯವಳು ಅಕ್ಕನ ಗುರುತು ಹಿಡಿದು, "ಅಮ್ಮಾ, 'ಹೋಗಿ ಬಾ ಕಂದಾ' ಅಂತ ಒಂದ್ಸಲ ಹೇಳಿ, ಕಿವಿ ತುಂಬ ಕೇಳ್ತೀನಿ," ಎಂದು ಬೇಡಿಕೊಂಡಳು. ಅಕ್ಕ ಹೇಳಿದರು. ಹಣ್ಣಿನವಳು, "ಅಯ್ಯೋ, ನೆಗಡಿನಾ?" ಎಂದಳು. ಹಿಂದೆ ನಿಂತು ಹಣ್ಣು ಒತ್ತಿ ನೋಡುತ್ತಿದ್ದ ಕಂಠಮ್ಮ ತಲೆ ಎತ್ತದೇ, "ಹೋಗಿ ಬಾ ಕಂದಾ" ಎಂದರು. ಹಣ್ಣಿನವಳು ಇವರ ಮುಖ ಅವರ ಮುಖ ನೋಡಿ ಕಂಗಾಲಾದಳು. ಮನೆಗೆ ಬರುವವರೆಗೂ ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ಮೆಟ್ಟಿಲು ಹತ್ತುವಾಗ ಅಕ್ಕ, "ನಂಗೆ ನೆಗಡಿ ಅಂದ್ಕೊಂಡ್ಳು ಪಾಪ," ಎಂದಷ್ಟೇ ಹೇಳಿದರು.

ನಗುವಿನಲ್ಲಿ ಸೇರದೇ ಇದ್ದವರು ಅಕ್ಕನ ತಾಯಿ ಒಬ್ಬರೇ. ಮಗಳಿಗೆ ಮಾತಿದ್ದ ಮೊದಲ ಸಿನಿಮಾ ನೋಡಿ ಬಂದ ದಿನ ಅವರು, "ಮುಖ ನಿಂದೇ ಕಣೇ. ಒಳಗೆ ಇನ್ಯಾರೋ ಕೂತಿದಾಳೆ," ಎಂದಿದ್ದರು. ಆದರೂ ಹೋಗಿ ನೋಡುತ್ತಿದ್ದರು, ಕಿವಿ ಮುಚ್ಚಿಕೊಂಡು. ಐವತ್ತು ವರ್ಷ ಸೂಜಿಗೆ ದಾರ ಪೋಣಿಸಿದ ಕಣ್ಣು ಅವು. ಕಣ್ಣೊಳಗಿನ ಒತ್ತಡ ಏರುವ ಕಾಯಿಲೆ ಬಂದು ಒಂದೊಂದಾಗಿ ಆರಿಹೋದವು. ಪೂರ್ತಿ ಕತ್ತಲಾದ ಮೇಲೆ ಥಿಯೇಟರಿಗೆ ಬರಲು ಒಪ್ಪಲಿಲ್ಲ. "ನೀನಿಲ್ದೇ ಇರೋ ಕಡೆ ನಾನ್ಯಾಕೆ ಬರ್ಲಿ?" ಎಂದರು. ಅವರ ಮಟ್ಟಿಗೆ ಅದು ನಿಜವೇ. ಕಣ್ಣು ಕಾಣದವರಿಗೆ ಮಗಳೆಂದರೆ ಅವಳ ದನಿ. ಆ ದನಿ ಯಾವ ಸಿನಿಮಾದಲ್ಲೂ ಇರಲಿಲ್ಲ. ಪಕ್ಕದ ಮನೆಯ ಟಿವಿಯಲ್ಲಿ ಹಳೆಯ ಚಿತ್ರ ಬಂದಾಗ ಯಾರಾದರೂ, ಅಜ್ಜೀ, ನಿಮ್ಮ ಮಗಳು ಬಂದ್ರು ಎಂದು ಕೂಗಿದರೆ, "ಅವಳು ಇಲ್ಲೇ ಪಾತ್ರೆ ತೊಳೀತಿದಾಳೆ, ಸುಮ್ನಿರಿ," ಎನ್ನುತ್ತಿದ್ದರು.

ಅಕ್ಕನಿಗೆ ಇದು ನುಂಗಲಾರದ ತುತ್ತಾಗಿತ್ತು. ಮದುವೆಯಾಗಲಿಲ್ಲ, ಮಕ್ಕಳಿಲ್ಲ. ಊರಿನ ಅರ್ಧ ಜನಕ್ಕೆ ತಾಯಿಯಾಗಿ, ತಮ್ಮ ತಾಯಿಗೆ ಮಾತ್ರ ಪರದೆಯ ಮೇಲೆ ಇಲ್ಲದವರಾಗಿದ್ದರು.

ಕಂಠಮ್ಮನಿಗೆ ಶ್ವಾಸಕೋಶದ ಕಾಯಿಲೆ ಬಂತು. ಕೊನೆಯ ಎರಡು ಚಿತ್ರಗಳಿಗೆ ಕುರ್ಚಿಯಲ್ಲಿ ಕೂತು ಮಾತಾಡಿದರು. ಒಂದು ವಾಕ್ಯಕ್ಕೆ ಮೂರು ಸಲ ನಿಲ್ಲುತ್ತಿದ್ದರು. ಆ ತುಂಡುಗಳನ್ನು ನಾನು ಕೂಡಿಸಿ ಅಂಟಿಸುತ್ತಿದ್ದೆ. ಆಸ್ಪತ್ರೆ ಸೇರಿದ ಮೇಲೆ ಅಕ್ಕ ದಿನಾ ಹೋಗಿ ಅವರ ತಲೆ ಬಾಚಿ ಬರುತ್ತಿದ್ದರು. ಒಂದು ದಿನ ನಾನೂ ಹೋಗಿದ್ದೆ. ಕಂಠಮ್ಮನ ಮಾತು ಸಿಳ್ಳಿನಂಥ ಉಸಿರಾಗಿ ಮಾತ್ರ ಬರುತ್ತಿತ್ತು.

"ನೋಡೇ, ನನ್ನ ಗಂಟಲೂ ನಿನ್ನ ಥರಾನೇ ಆಯ್ತು," ಎಂದರು. "ಇನ್ಮೇಲೆ ನಿನ್ನ ಮಾತು ನೀನೇ ಆಡ್ಕೋಬೇಕು."

"ಹುಷಾರಾಗಿ ಬಾರೇ ಮೊದ್ಲು. ಸೋಮಾರಿತನಕ್ಕೆ ನೆಪ ಹೇಳ್ಬೇಡ," ಎಂದು ಅಕ್ಕ ಬೈದರು.

ಅದಾದ ಒಂಬತ್ತು ದಿನಕ್ಕೆ ಕಂಠಮ್ಮ ಹೋದರು. ಪತ್ರಿಕೆಯಲ್ಲಿ ಒಂದು ಸಾಲೂ ಬರಲಿಲ್ಲ. ಇದ್ದಾಗಲೇ ಅವರು ಯಾರಿಗೂ ಗೊತ್ತಿರಲಿಲ್ಲ.

ಅಕ್ಕ ಏಳು ತಿಂಗಳು ಕೆಲಸಕ್ಕೆ ಬರಲಿಲ್ಲ. ಆಮೇಲೆ ಒಬ್ಬ ಎಳೆಯ ಡೈರೆಕ್ಟರು ಕತೆ ಹಿಡಿದುಕೊಂಡು ಅವರ ಮನೆಗೇ ಬಂದ. ಆಸ್ಪತ್ರೆಯ ಬಟ್ಟೆ ಒಗೆಯುವ ಹೆಂಗಸು, ಮಗ ಜೈಲಿನಲ್ಲಿದ್ದಾನೆ. ವಾರಕ್ಕೊಮ್ಮೆ ಹೋಗಿ ಸರಳಿನ ಆಚೆ ನಿಂತು ಅವನ ಜೊತೆ ಮಾತಾಡಿ ಬರುತ್ತಾಳೆ. ಇಡೀ ಚಿತ್ರದಲ್ಲಿ ಆಕೆಯದೇ ಮಾತು. ಅಕ್ಕ ಒಂದೇ ಷರತ್ತು ಹಾಕಿದರು: ದನಿ ನನ್ನದೇ ಇರಬೇಕು. ಹುಡುಗ ಖುಷಿಯಿಂದ ತಲೆಯಾಡಿಸಿದ. ಬಟ್ಟೆ ಒಗೆದು ಒಗೆದು ಹಬೆಯಲ್ಲಿ ಬೆಂದವಳ ದನಿ ಹಾಗೇ ಇರಬೇಕು ಎಂದ. ಅವನು ಅಂದದ್ದು ಸರಿಯಾಗಿಯೇ ಇತ್ತು.

ಮಾತು ಕೂಡಿಸಲು ನಾಲ್ಕು ದಿನ ಹಿಡಿಯಿತು. ಮೊದಲ ದಿನ ಅಕ್ಕ ಹೆದರಿ ಹೋಗಿದ್ದರು. ಥರ್ಮಾಸಿನಲ್ಲಿ ಬಿಸಿನೀರು ತಂದುಕೊಂಡು ಗುಟುಕು ಗುಟುಕಾಗಿ ಕುಡಿಯುತ್ತ, ತುಟಿಗೆ ಮಾತು ಕೂಡದೆ ಮತ್ತೆ ಮತ್ತೆ ಕ್ಷಮೆ ಕೇಳುತ್ತಿದ್ದರು. ಇಷ್ಟು ವರ್ಷ ಬೇರೆಯವರ ಅಂಗೈಗೆ ತಟ್ಟಿದ ಬೆರಳು ಈಗ ತಮ್ಮ ತೊಡೆಯ ಮೇಲೇ ತಟ್ಟುತ್ತಿತ್ತು. ಮೂರನೇ ದಿನ ಜೈಲಿನ ದೃಶ್ಯ ಬಂತು.

"ಊಟ ಮಾಡಿದ್ಯಾ? ಅಂಗಿ ತಂದಿದೀನಿ. ಕಾಲರ್ ಹರಿದಿತ್ತು, ತಿರುಗಿಸಿ ಹೊಲ್ದಿದೀನಿ. ಹೊಸದರ ಹಾಗೇ ಕಾಣುತ್ತೆ. ಯಾರಿಗೂ ಗೊತ್ತಾಗಲ್ಲ."

ಇಷ್ಟೇ ಮಾತು. 'ಗೊತ್ತಾಗಲ್ಲ' ಎಂಬಲ್ಲಿ ಕೊನೆಯ ಅಕ್ಷರ ಎಂದಿನಂತೆ ಕೈಬಿಟ್ಟು ಹೋಯಿತು. ನಾನು ಗುಂಡಿ ಒತ್ತಿ ಯಂತ್ರ ನಿಲ್ಲಿಸುವುದನ್ನೇ ಮರೆತೆ. ಟೇಪು ಸುಮ್ಮನೆ ಸುತ್ತುತ್ತಿತ್ತು. ಗಾಜಿನ ಆಚೆಯಿಂದ ಅಕ್ಕ, "ಸರಿ ಬರ್ಲಿಲ್ವಾ ಸೌಂಡಪ್ಪಾ?" ಎಂದರು. ಸರಿ ಬಂತು ಎಂದು ಕೈ ಎತ್ತಿ ತೋರಿಸಿದೆ.

ಕೊನೆಯ ದಿನ ಥರ್ಮಾಸು ಚೀಲಕ್ಕೆ ಹಾಕಿಕೊಳ್ಳುತ್ತ ಕೇಳಿದರು. "ಇದನ್ನ ಅಮ್ಮನಿಗೆ ಕೇಳಿಸಬಹುದಲ್ವಾ? ಥಿಯೇಟರಿನಲ್ಲಿ ಚೆನ್ನಾಗಿ ಕೇಳುತ್ತಲ್ವಾ?"

"ಪಿಸುಮಾತೂ ಕೇಳುತ್ತೆ ಅಕ್ಕಾ, ನಂದು ಜವಾಬ್ದಾರಿ," ಎಂದೆ.

ಎರಡು ವಾರದ ನಂತರ ನಿರ್ಮಾಪಕರು ಬಂದು ಚಿತ್ರ ನೋಡಿದರು. ಮೊದಲ ರೀಲಿಗೇ ಕೈ ಎತ್ತಿ ನಿಲ್ಲಿಸಿದರು. "ಏನ್ರೀ ಇದು ದನಿ? ಇಪ್ಪತ್ತು ವರ್ಷದಿಂದ ಜನದ ಕಿವೀಲಿ ಈ ತಾಯಿಗೆ ಒಂದು ದನಿ ಕೂತಿದೆ. ಇದನ್ನ ಕೇಳಿದ್ರೆ ಸ್ಪೀಕರ್ ಕೆಟ್ಟಿದೆ ಅಂತ ಗಲಾಟೆ ಮಾಡ್ತಾರೆ. ಹಳೇ ದನಿ ಹಾಕಿ."

"ಅವರು ತೀರಿಕೊಂಡ್ರು ಸಾರ್," ಎಂದೆ.

"ಹಾಗಾದ್ರೆ ಅದೇ ಥರ ಮಾತಾಡೋರನ್ನ ಹುಡುಕಿ."

ಡೈರೆಕ್ಟರು ಹುಡುಗ ಒಂದೆರಡು ಮಾತು ವಾದಿಸಿದ. ಆಮೇಲೆ ನೆಲ ನೋಡತೊಡಗಿದ. ಅದು ಅವನ ಮೊದಲ ಚಿತ್ರ. ಕಂಠಮ್ಮನ ದನಿಯನ್ನು ತದ್ರೂಪು ಅನುಕರಿಸುವ ಒಬ್ಬ ಯುವತಿಯನ್ನು ಕರೆತಂದರು. ಎರಡು ಮಧ್ಯಾಹ್ನದಲ್ಲಿ ನಾನೇ ಕೂತು ಎಲ್ಲವನ್ನೂ ಬದಲಿಸಿದೆ. ಆ ಹುಡುಗಿಯದೇನೂ ತಪ್ಪಿಲ್ಲ, ಚೆನ್ನಾಗಿಯೇ ಮಾಡಿದಳು. ಅಕ್ಕನಿಗೆ ನಾನು ಹೇಳ್ತೀನಿ ಎಂದ ಡೈರೆಕ್ಟರು. ಅವನು ಹೇಳಿರುತ್ತಾನೆ ಎಂದುಕೊಂಡೆ ನಾನು. ನಿಜ ಹೇಳಬೇಕೆಂದರೆ, ಹೇಳಿರಲಿಕ್ಕಿಲ್ಲ ಎಂದೂ ಒಳಗೆ ಗೊತ್ತಿತ್ತು. ಅವರ ಮನೆ ಸ್ಟುಡಿಯೋದಿಂದ ಎರಡು ಬೀದಿ ಆಚೆ. ನಾನು ಬೇರೆ ದಾರಿಯಲ್ಲಿ ಮನೆಗೆ ಹೋಗತೊಡಗಿದೆ.

ಚಿತ್ರ ಬಿಡುಗಡೆಯಾದ ದಿನ ಮಧ್ಯಾಹ್ನದ ಆಟಕ್ಕೆ ಧ್ವನಿ ಸರಿಯಿದೆಯೇ ನೋಡಲು ನಾನು ಥಿಯೇಟರಿಗೆ ಹೋಗಿದ್ದೆ. ಹಿಂದಿನ ಸಾಲಿನಲ್ಲಿ ಕೂತಿದ್ದೆ. ದೀಪ ಆರುವ ಮುನ್ನ ಅಕ್ಕ ತಾಯಿಯ ಕೈ ಹಿಡಿದು ನಡೆಸಿಕೊಂಡು ಬಂದರು. ತಾಯಿಗೆ ಬೂದು ಬಣ್ಣದ ಒಳ್ಳೆಯ ಶಾಲು ಹೊದಿಸಿದ್ದರು, ತಲೆ ನೀಟಾಗಿ ಬಾಚಿದ್ದರು. ನನಗಿಂತ ಎರಡು ಸಾಲು ಮುಂದೆ, ದಾರಿಯ ಬದಿಯಲ್ಲಿ ಕೂತರು. ಎದ್ದು ಹೋಗಿ ಹೇಳಿಬಿಡಬಹುದಿತ್ತು. ಅಷ್ಟರಲ್ಲಿ ದೀಪ ಆರಿತು ಎಂದು ಇಷ್ಟು ವರ್ಷ ನನಗೆ ನಾನೇ ಹೇಳಿಕೊಂಡಿದ್ದೇನೆ. ದೀಪ ಅಷ್ಟು ಬೇಗ ಆರಲಿಲ್ಲ.

ಅಕ್ಕನ ಪಾತ್ರ ಬಂತು. ಬಾಯಿ ತೆರೆಯಿತು. ಹಾಲಿನಂಥ ದನಿ ಥಿಯೇಟರೆಲ್ಲ ತುಂಬಿತು.

ಅಕ್ಕನ ಬೆನ್ನು ನೆಟ್ಟಗಾದದ್ದನ್ನು ನೋಡಿದೆ. ಆಮೇಲೆ ತಾಯಿ, ಕಣ್ಣಿಲ್ಲದವರು ಮಾತಾಡುವಂತೆ ತುಸು ಜೋರಾಗಿಯೇ, "ನೀನು ಯಾವಾಗ ಬರ್ತೀಯೇ?" ಎಂದರು.

"ಬಂದಿದೀನಮ್ಮಾ. ಈಗ ಮಾತಾಡ್ತಿರೋದು ನಾನೇ."

"ಅದು ಆ ಹೆಂಗಸಲ್ವಾ? ರೈಲಿನವಳು. ಸತ್ತೋದ್ಳು ಅಂದಿದ್ದೆ."

ಪರದೆಯ ಮೇಲೆ ಜೈಲಿನ ಸರಳು ಬಂತು. ಆಗ ಅಕ್ಕ ತಾಯಿಯ ಕಡೆ ಬಾಗಿ, ಕಿವಿಗೆ ಬಾಯಿ ಹಚ್ಚಿ, ಪರದೆಯ ತುಟಿಗೆ ಸರಿಯಾಗಿ ಮಾತಾಡತೊಡಗಿದರು. "ಊಟ ಮಾಡಿದ್ಯಾ? ಅಂಗಿ ತಂದಿದೀನಿ..." ಒಂದಕ್ಷರ ಹೆಚ್ಚಿಲ್ಲ, ಕಡಿಮೆಯಿಲ್ಲ. ಮುಂದಿನ ಸಾಲಿನವನೊಬ್ಬ ತಿರುಗಿ, "ಸ್ವಲ್ಪ ಸುಮ್ನಿರ್ತೀರಾ, ಸಿನಿಮಾ ಕೇಳ್ಬೇಕು," ಎಂದ. ಕತ್ತಲಲ್ಲಿ ಅವರು ಯಾರೆಂದು ಅವನಿಗೆ ಕಾಣಲಿಲ್ಲ. "ಅಮ್ಮನಿಗೆ ಕಣ್ಣು ಕಾಣಲ್ಲಪ್ಪಾ," ಎಂದರು ಅಕ್ಕ. ಅವನು ಗೊಣಗುತ್ತ ತಿರುಗಿದ. ಇವರು ದನಿ ಇನ್ನೂ ತಗ್ಗಿಸಿ ಮುಂದುವರಿಸಿದರು. ಎರಡು ಗಂಟೆ ಹೊತ್ತು, ಇಡೀ ಚಿತ್ರ, ಒಂದೂ ಮಾತು ಬಿಡದೆ. ತಾಯಿ ಮಗಳ ಮಣಿಕಟ್ಟು ಹಿಡಿದು, ಮೈಯೆಲ್ಲ ಕಿವಿಯಾಗಿ ಕೂತಿದ್ದರು.

ಹೊರಗೆ ಬರುವಾಗ ನಾನು ಕಂಬದ ಹಿಂದೆ ನಿಂತಿದ್ದೆ. ತಾಯಿ ಹೇಳುತ್ತಿದ್ದುದು ಕೇಳಿಸಿತು. "ಚೆನ್ನಾಗಿ ಮಾಡಿದೀಯ ಕಣೇ. ಆ ಹೆಂಗಸು ಮಧ್ಯೆ ಮಧ್ಯೆ ಬಾಯಿ ಹಾಕ್ದೇ ಇದ್ದಿದ್ರೆ ಇನ್ನೂ ಚೆನ್ನಾಗಿರ್ತಿತ್ತು."

ನಾಲ್ಕನೇ ದಿನ ಧೈರ್ಯ ಮಾಡಿ ಅವರ ಮನೆಗೆ ಹೋದೆ. ಮಹಡಿಯ ಮೇಲೆ ಎರಡು ಕೋಣೆ. ತಾಯಿ ಒಳಗೆ ಮಲಗಿದ್ದರು. ಹೊಲಿಗೆ ಯಂತ್ರದ ಮೇಲೆ ಬಟ್ಟೆ ಮುಚ್ಚಿತ್ತು. ಅಕ್ಕ ಚಹಾ ಕೊಟ್ಟರು. ನಾನು ಇದ್ದದ್ದನ್ನೆಲ್ಲ ಹೇಳಿದೆ.

"ಹೊಟ್ಟೆಪಾಡು, ನೀನೇನು ಮಾಡ್ತೀಯ," ಎಂದರು ಕೊನೆಗೆ. "ನನ್ನ ದನಿ ಹಿಡಿದಿದ್ಯಲ್ಲ, ಆ ಟೇಪು ಇದ್ಯಾ? ಅಮ್ಮನಿಗೆ ಇಲ್ಲೇ ಒಂದ್ಸಲ ಹಾಕಿ ಕೇಳಿಸ್ತೀನಿ. ಯಾರಿಗೂ ಕೊಡಲ್ಲ."

ಆ ಪ್ರಶ್ನೆ ಬರುತ್ತದೆಂದು ನನಗೆ ಗೊತ್ತಿತ್ತು. ಟೇಪಿಗೆ ಕೊರತೆ ಇದ್ದ ಕಾಲ ಅದು. ಬೇಡವಾದದ್ದರ ಮೇಲೇ ಹೊಸದು ಮುದ್ರಿಸುತ್ತಿದ್ದೆವು. ಬದಲಿಸಿದ ವಾರವೇ ಅದರ ಮೇಲೆ ಬೇರೊಂದು ಚಿತ್ರದ ಕುದುರೆ ಓಟದ ಸದ್ದು ಹಿಡಿದಿದ್ದೆ.

"ಅಳಿಸಿಬಿಟ್ಟೆ ಅಕ್ಕಾ."

"ಎಲ್ಲಾನೂ?"

"ಎಲ್ಲಾನೂ."

ಅವರು ಲೋಟ ಎತ್ತಿಕೊಂಡು ತೊಳೆಯಲು ಹೋದರು. ನಲ್ಲಿ ಬಹಳ ಹೊತ್ತು ಹರಿಯಿತು. ಮರಳಿ ಬಂದಾಗ ಕಣ್ಣು ಒಣಗಿತ್ತು, ಮುಖ ಮಾತ್ರ ಒಮ್ಮೆಲೇ ಮುದಿಯಾಗಿತ್ತು. ಗೆರೆ ಎಳೆಯುವ ಅಗತ್ಯವಿರಲಿಲ್ಲ. "ಹೋಗ್ಲಿ ಬಿಡು. ನಿನ್ನ ಮಗಳ ಪರೀಕ್ಷೆ ಏನಾಯ್ತು?" ಎಂದರು. ಬೈದಿದ್ದರೆ ನನಗೆ ಹಗುರವಾಗುತ್ತಿತ್ತು.

ಆ ಪಾತ್ರಕ್ಕೆ ಅವರಿಗೆ ಪೋಷಕ ನಟಿ ಪ್ರಶಸ್ತಿ ಬಂತು. ಮನಕಲಕುವ ಅಭಿನಯ, ಎದೆಗಿಳಿಯುವ ದನಿ ಎಂದು ವೇದಿಕೆಯ ಮೇಲೆ ಓದಿದರು. ಎರಡು ಮಾತಾಡಿ ಎಂದು ಮೈಕು ಮುಂದೆ ಹಿಡಿದಾಗ ಅಕ್ಕ ಮೈಕಿನಿಂದ ದೂರ ಸರಿದು ಕೈ ಮುಗಿದು ಕೆಳಗಿಳಿದರು. ಎಷ್ಟು ವಿನಯ ಎಂದು ಜನ ಚಪ್ಪಾಳೆ ತಟ್ಟಿದರು. ಆ ಮೇಲೆ ಆರು ಚಿತ್ರಗಳಲ್ಲಿ ನಟಿಸಿದರು. ಮಾತಿರುವ ಪಾತ್ರ ಬೇಡ ಎಂದು ಮೊದಲೇ ಹೇಳಿಬಿಡುತ್ತಿದ್ದರು. ಮೂಲೆಯಲ್ಲಿ ಕೂತ ಅತ್ತೆ, ಹಾಸಿಗೆ ಹಿಡಿದ ಅಜ್ಜಿ. ತಾಯಿ ಎರಡು ವರ್ಷದ ಮೇಲೆ ತೀರಿಕೊಂಡರು, ನಿದ್ದೆಯಲ್ಲೇ. ಅಕ್ಕ ಇನ್ನೂ ಐದು ವರ್ಷ ಆ ಎರಡು ಕೋಣೆಗಳಲ್ಲಿ ಒಬ್ಬರೇ ಇದ್ದರು. ಅರವತ್ತೊಂದಕ್ಕೆ, ಒಂದು ಮುಂಜಾನೆ, ಹೃದಯ ನಿಂತಿತು. ರೇಡಿಯೋದವರು ನಮನ ಎಂದು ಕಾರ್ಯಕ್ರಮ ಮಾಡಿ ಅವರ ಪ್ರಸಿದ್ಧ ಮಾತುಗಳನ್ನು ಒಂದಾದ ಮೇಲೊಂದು ಹಾಕಿದರು. ಕೆಲವು ಕಂಠಮ್ಮನವು, ಕೊನೆಯವು ಆ ಯುವತಿಯವು. ನಾನು ಪೂರ್ತಿ ಕೇಳಿದೆ. ಕೇಳುವುದೇ ನನ್ನ ಕೆಲಸವಾಗಿತ್ತಲ್ಲ.

ಅವರನ್ನು ಕಳಿಸಿಕೊಟ್ಟು ಬಂದ ದಿನ ಅವರ ಮನೆಯ ಮೆಟ್ಟಿಲ ಬಳಿ ಕೆಳಗಿನ ಮನೆಯ ಗಡಿಯಾರ ರಿಪೇರಿಯವರು ನನ್ನನ್ನು ನಿಲ್ಲಿಸಿಕೊಂಡರು. ವಯಸ್ಸಾದವರು, ಸಿನಿಮಾ ನೋಡುವ ಅಭ್ಯಾಸವಿಲ್ಲದವರು.

"ಏನೋ ಆ್ಯಕ್ಟಿಂಗ್ ಮಾಡ್ತಿದ್ರಂತೆ, ನನಗೆ ಗೊತ್ತೇ ಇರ್ಲಿಲ್ಲ," ಎಂದರು. "ದಿನಾ ಬೆಳಗ್ಗೆ ಕಿಟಕಿ ಹತ್ರ ಕೂತು ಅವರಮ್ಮನಿಗೆ ಪೇಪರ್ ಓದಿ ಹೇಳೋರು. ಮೊದಲಿಂದ ಕೊನೇವರ್ಗೂ, ಜಾಹೀರಾತು ಕೂಡ ಬಿಡ್ತಿರ್ಲಿಲ್ಲ. ನಮಗೂ ಕೇಳಿಸೋದು. ನಾವು ಪೇಪರ್ ತರಿಸೋದೇ ನಿಲ್ಲಿಸಿಬಿಟ್ವಿ."

"ಅವರಮ್ಮ ಹೋದ ಮೇಲೆ?"

"ಹೋದ ಮೇಲೂ ಓದ್ತಿದ್ರಲ್ಲ. ಒಂದು ದಿನಾನೂ ತಪ್ಪಿಸಲಿಲ್ಲ," ಎಂದರು ಅವರು. "ಈಗ ನಾಳೆಯಿಂದ ಪೇಪರ್ ಹಾಕು ಅಂತ ಪೇಪರಿನವನಿಗೆ ಹೇಳ್ಬೇಕು."